ಬಳಸಿದ ಲ್ಯಾಪ್‌ಟಾಪ್ ಆನ್ ಮಾಡಿದಾಗ ಬರುವ ಹಳೆಯ ಕಂಪನಿಯ ಲಾಂಛನ ತೆಗೆದು ಶಾಲೆಯ ಲಾಂಛನ ಹಾಕುವುದು ಹೇಗೆ?

ಲೆಕ್ಕದ ಮೇಷ್ಟ್ರು:

ಎಲ್ಲರಿಗೂ ನಮಸ್ಕಾರ. ನಾನು ಶಿವಮೊಗ್ಗ ಜಿಲ್ಲೆಯ ಒಂದು ಪ್ರೌಢಶಾಲೆಯಲ್ಲಿ ಗಣಿತ ಪಾಠ ಮಾಡುವುದರ ಜೊತೆಗೆ ಕಂಪ್ಯೂಟರ್ ಕೊಠಡಿಯನ್ನೂ ನೋಡಿಕೊಳ್ಳುತ್ತೇನೆ. ನಮ್ಮ ಹಳೆಯ ವಿದ್ಯಾರ್ಥಿಗಳ ಸಂಘದವರು ಬೆಂಗಳೂರಿನ ಎಸ್.ಪಿ. ರಸ್ತೆಯಲ್ಲಿ ಎಂಟು ಬಳಸಿದ ಥಿಂಕ್‌ಪ್ಯಾಡ್ ಟಿ480 ಲ್ಯಾಪ್‌ಟಾಪ್‌ಗಳನ್ನು ಕೊಂಡು ಶಾಲೆಗೆ ಕೊಟ್ಟಿದ್ದಾರೆ. ಯಂತ್ರಗಳ ಬಗ್ಗೆ ದೂರಿಲ್ಲ. ಆದರೆ ಪವರ್ ಬಟನ್ ಒತ್ತಿದ ಕೂಡಲೇ, ಇವುಗಳನ್ನು ಹಿಂದೆ ಬಳಸುತ್ತಿದ್ದ ಯಾವುದೋ ಕಂಪನಿಯ ಲಾಂಛನ ಪರದೆಯ ನಡುವೆ ಮೂಡುತ್ತದೆ. ಅದರ ಕೆಳಗೇ ವಿಂಡೋಸ್ 11ರ ಚುಕ್ಕೆಗಳು ಸುತ್ತತೊಡಗುತ್ತವೆ. ದುಡ್ಡು ಹಾಕಿದವರು ನಮ್ಮ ಹುಡುಗರು, ಪರದೆಯ ಮೇಲೆ ಮೆರೆಯುವುದು ಬೇರೆಯವರ ಹೆಸರು. ಶಾಲೆಗೆ ಬಂದವರೆಲ್ಲ ‘ಇವನ್ನು ಆ ಕಂಪನಿಯವರು ದಾನ ಕೊಟ್ಟರಾ?’ ಎಂದು ಕೇಳುತ್ತಾರೆ.

ಡಿಸ್ಕನ್ನು ಪೂರ್ತಿ ಅಳಿಸಿ ವಿಂಡೋಸ್ ಹೊಸದಾಗಿ ಹಾಕಿದರೂ ಆ ಚಿತ್ರ ಹೋಗಲಿಲ್ಲ. ಹಾಗಾದರೆ ಅದು ಇರುವುದೆಲ್ಲಿ? ಅದರ ಜಾಗದಲ್ಲಿ ಕನ್ನಡದಲ್ಲಿ ಶಾಲೆಯ ಹೆಸರಿರುವ ನಮ್ಮ ಲಾಂಛನವನ್ನು ಕೂರಿಸಬಹುದೇ? ಕೊಠಡಿಯಲ್ಲಿ ಬಿಡಿಭಾಗ ಜೋಡಿಸಿ ಮಾಡಿದ ಎರಡು ಡೆಸ್ಕ್‌ಟಾಪ್‌ಗಳೂ ಇವೆ, ಅವುಗಳಲ್ಲಿ ಮದರ್‌ಬೋರ್ಡ್ ತಯಾರಕರ ದೊಡ್ಡ ಚಿತ್ರ ಬರುತ್ತದೆ. ಅವುಗಳಲ್ಲೂ ಬದಲಾಯಿಸಲು ಸಾಧ್ಯವೇ? ಮಕ್ಕಳು ಬಳಸುವ ಯಂತ್ರಗಳಾದ್ದರಿಂದ ಕೆಟ್ಟು ಕೂರುವಂಥ ಪ್ರಯೋಗಕ್ಕೆ ನನಗೆ ಧೈರ್ಯವಿಲ್ಲ.

ಹುಬ್ಬಳ್ಳಿ ಸರ್ವಿಸ್:

ಮೇಷ್ಟ್ರೇ, ಆ ಚಿತ್ರ ಡಿಸ್ಕಿನಲ್ಲಿ ಇಲ್ಲ. ಮದರ್‌ಬೋರ್ಡಿನ ಮೇಲಿರುವ ಬಯೋಸ್ (ಯಂತ್ರ ಆನ್ ಆದ ಕೂಡಲೇ ಮೊದಲು ಎದ್ದು, ಆಮೇಲೆ ವಿಂಡೋಸನ್ನು ಎಬ್ಬಿಸುವ ತಂತ್ರಾಂಶ) ಚಿಪ್ಪಿನೊಳಗೆ ಕೂತಿದೆ, ಆದ್ದರಿಂದ ಫಾರ್ಮ್ಯಾಟ್ ಅದನ್ನು ಮುಟ್ಟುವುದಿಲ್ಲ. ಹಿಂದೆ ಬಯೋಸ್ ತನ್ನ ಚಿತ್ರ ತೋರಿಸಿ ಸರಿದ ಮೇಲೆ ವಿಂಡೋಸ್ ತನ್ನದೇ ಚಿತ್ರ ತೋರಿಸುತ್ತಿತ್ತು. 2012ರಲ್ಲಿ ವಿಂಡೋಸ್ 8 ಬಂದಾಗಿನಿಂದ ಪದ್ಧತಿ ಬದಲಾಗಿದೆ: ಬಯೋಸ್ ತಾನು ತೋರಿಸಿದ ಚಿತ್ರವನ್ನು ಮೆಮೊರಿಯಲ್ಲಿ ಹಾಗೆಯೇ ಬಿಟ್ಟು, ಅದು ಎಲ್ಲಿದೆ, ಪರದೆಯ ಯಾವ ಮೂಲೆಯಿಂದ ಎಷ್ಟು ದೂರದಲ್ಲಿ ಬರೆಯಲಾಗಿದೆ ಎಂಬುದನ್ನು ಬಿಜಿಆರ್‌ಟಿ ಎಂಬ ಚಿಕ್ಕ ಕೋಷ್ಟಕದಲ್ಲಿ ಬರೆದು ವಿಂಡೋಸ್‌ಗೆ ಒಪ್ಪಿಸುತ್ತದೆ. ವಿಂಡೋಸ್ ಅದೇ ಚಿತ್ರವನ್ನು ಉಳಿಸಿಕೊಂಡು ಕೆಳಗೆ ಚುಕ್ಕೆಗಳನ್ನು ಸುತ್ತಿಸುತ್ತದೆ. ನೀವು ಎರಡು ಹಂತದಲ್ಲೂ ಒಂದೇ ಲಾಂಛನ ನೋಡುತ್ತಿರುವುದು ಇದರಿಂದಲೇ. ಬಯೋಸಿನಲ್ಲಿ ಒಮ್ಮೆ ಬದಲಾಯಿಸಿದರೆ ಎರಡೂ ಕಡೆ ಬದಲಾಗುತ್ತದೆ.

ನಿಮ್ಮ ಅದೃಷ್ಟಕ್ಕೆ ಥಿಂಕ್‌ಪ್ಯಾಡಿನಲ್ಲಿ ಇದಕ್ಕೆ ತಯಾರಕರೇ ಇಟ್ಟಿರುವ ದಾರಿಯಿದೆ, ನಿಮ್ಮ ಯಂತ್ರಗಳ ಹಿಂದಿನ ಮಾಲೀಕರೂ ಅದನ್ನೇ ಬಳಸಿರುತ್ತಾರೆ. ಥಿಂಕ್‌ಪ್ಯಾಡ್ ತಯಾರಕರಾದ ಲೆನೊವೊ ಜಾಲತಾಣದಿಂದ ಟಿ480ರ ಬಯೋಸ್ ಅಪ್‌ಡೇಟ್ ಇಳಿಸಿಕೊಂಡು ನಡೆಸಿದರೆ, ಅದು ಮೊದಲು ತನ್ನ ಫೈಲುಗಳನ್ನು ಒಂದು ಫೋಲ್ಡರಿಗೆ ಬಿಚ್ಚುತ್ತದೆ. ಅಲ್ಲಿಗೆ ನಿಲ್ಲಿಸಿ. ಆ ಫೋಲ್ಡರಿನಲ್ಲಿ ಲಾಂಛನದ ವಿವರವಿರುವ ಪಠ್ಯ ಫೈಲು ಇರುತ್ತದೆ, ಅದನ್ನು ಓದದೆ ಮುಂದೆ ಹೋಗಬೇಡಿ, ಏಕೆಂದರೆ ಅಳತೆಯ ಮಿತಿ ಮಾದರಿಯಿಂದ ಮಾದರಿಗೆ ಬದಲಾಗುತ್ತದೆ. ನಿಮ್ಮ ಚಿತ್ರಕ್ಕೆ ‘ಲೋಗೊ’ ಎಂದು ಇಂಗ್ಲಿಷಿನಲ್ಲಿ ಹೆಸರಿಟ್ಟು ಬಿಎಂಪಿ, ಜಿಫ್ ಅಥವಾ ಜೆಪೆಗ್ ರೂಪದಲ್ಲಿ ಅದೇ ಫೋಲ್ಡರಿಗೆ ಹಾಕಿ, ಆಮೇಲೆ ವಿನ್‌ಯುಪಿಟಿಪಿ ಎಂಬ ಫೈಲನ್ನು ನಡೆಸಿದರೆ, ‘ಫೋಲ್ಡರಿನಲ್ಲಿ ಒಂದು ಚಿತ್ರ ಸಿಕ್ಕಿದೆ, ಅದನ್ನು ಬಳಸಬೇಕೇ?’ ಎಂಬ ಅರ್ಥದ ಪ್ರಶ್ನೆ ಬರುತ್ತದೆ. ಹೌದೆಂದರೆ ಬಯೋಸಿನೊಂದಿಗೆ ಚಿತ್ರವೂ ಚಿಪ್ಪಿಗೆ ಹೋಗುತ್ತದೆ. ಬಯೋಸ್ ಈಗಾಗಲೇ ಇತ್ತೀಚಿನದಾಗಿದ್ದರೂ, ಅದೇ ಆವೃತ್ತಿಯನ್ನು ಮತ್ತೆ ಬರೆಸಲು ಸಾಮಾನ್ಯವಾಗಿ ಬಿಡುತ್ತದೆ.

ಎಡವುವುದು ಚಿತ್ರದ ಗಾತ್ರದಲ್ಲಿ. ನಾನು ಮಾಡಿಕೊಟ್ಟಿರುವ ಥಿಂಕ್‌ಪ್ಯಾಡ್‌ಗಳಲ್ಲಿ ಫೈಲು 60 ಕಿಲೋಬೈಟಿನೊಳಗೆ ಇರಬೇಕು, ಉದ್ದ ಅಗಲ ಪರದೆಯ ಶೇ 40ನ್ನು ಮೀರಬಾರದು. ನಿಮ್ಮ ಪರದೆ 1366 × 768 ಆಗಿದ್ದರೆ ಗರಿಷ್ಠ 546 × 307 ಪಿಕ್ಸೆಲ್. ಲೆಕ್ಕದ ಮೇಷ್ಟ್ರಿಗೆ ಹೇಳಬೇಕಾಗಿಲ್ಲ, ಆದರೂ ನೋಡಿ: 546 × 307 ಅಂದರೆ 1,67,622 ಪಿಕ್ಸೆಲ್, 24 ಬಿಟ್ ಬಿಎಂಪಿಯಲ್ಲಿ ಪಿಕ್ಸೆಲ್ಲಿಗೆ ಮೂರು ಬೈಟಿನಂತೆ 5,02,866 ಬೈಟ್ ಆಯಿತು. 16 ಬಣ್ಣಕ್ಕೆ ಇಳಿಸಿದರೂ 80 ಕಿಲೋಬೈಟ್ ದಾಟುತ್ತದೆ. ಆದ್ದರಿಂದ ಬಿಎಂಪಿ ಮರೆತು ಜಿಫ್ ಅಥವಾ ಜೆಪೆಗ್ ಮಾಡಿಕೊಳ್ಳಿ. ಜೆಪೆಗ್ ಆದರೆ ಪ್ರೊಗ್ರೆಸಿವ್ ಎಂಬ ಆಯ್ಕೆಯನ್ನು ತೆಗೆದು ಉಳಿಸುವುದು ಕ್ಷೇಮ, ಬಯೋಸಿನೊಳಗಿನ ಚಿತ್ರ ಬಿಡಿಸುವ ತಂತ್ರಾಂಶ ಬಹಳ ಸರಳವಾದದ್ದು. ಹಿನ್ನೆಲೆ ಅಚ್ಚ ಕಪ್ಪು ಇರಲಿ. ಬಿಳಿ ಹಿನ್ನೆಲೆ ಬಿಟ್ಟರೆ ಕತ್ತಲ ಪರದೆಯ ನಡುವೆ ಬಿಳಿ ಚೀಟಿ ಅಂಟಿಸಿದಂತೆ ಕಾಣುತ್ತದೆ.

ಬ್ಯಾಟರಿ ತುಂಬಿರಲಿ, ಚಾರ್ಜರ್ ಸಿಕ್ಕಿಸಿಯೇ ಇರಲಿ. ನಡುವೆ ಕರೆಂಟ್ ಹೋದರೆ ಬ್ಯಾಟರಿ ಕೈ ಹಿಡಿಯುತ್ತದೆ, ಆದರೆ ಯಾರೋ ಹುಡುಗ ಪವರ್ ಬಟನ್ ಒತ್ತಿಬಿಟ್ಟರೆ ಯಾವುದೂ ಹಿಡಿಯುವುದಿಲ್ಲ. ಶಾಲೆ ಬಿಟ್ಟ ಮೇಲೆ ಮಾಡಿ.

ನಿಶಾಚರ:

ಲ್ಯಾಪ್‌ಟಾಪಿನ ವಿಷಯವನ್ನು ಹುಬ್ಬಳ್ಳಿಯವರು ಚೆನ್ನಾಗಿ ಹೇಳಿದ್ದಾರೆ. ಒಂದು ಮಾತು ಸೇರಿಸುತ್ತೇನೆ: ವಿಂಡೋಸ್ 11ರಲ್ಲಿ ಡಿಸ್ಕಿನ ಗೂಢಲಿಪೀಕರಣ ಚಾಲೂ ಇರುವ ಸಾಧ್ಯತೆ ಹೆಚ್ಚು. ಬಯೋಸ್ ಬದಲಾದದ್ದು ಕಂಡರೆ, ಆ ಗೂಢಲಿಪೀಕರಣ ನೋಡಿಕೊಳ್ಳುವ ಬಿಟ್‌ಲಾಕರ್ 48 ಅಂಕಿಗಳ ರಿಕವರಿ ಕೀ ಕೇಳಿ ಕೂರಬಹುದು. ಮೊದಲೇ ಆ ಕೀಯನ್ನು ಕಾಗದದ ಮೇಲೆ ಬರೆದಿಟ್ಟುಕೊಂಡು, ಬಿಟ್‌ಲಾಕರನ್ನು ತಾತ್ಕಾಲಿಕವಾಗಿ ತಡೆಹಿಡಿದು ಕೆಲಸಕ್ಕೆ ಕೈ ಹಾಕಬೇಕು.

ಡೆಸ್ಕ್‌ಟಾಪ್‌ಗಳ ವಿಷಯ ಬೇರೆ. ಕೆಲವು ಮದರ್‌ಬೋರ್ಡ್ ತಯಾರಕರು ಲಾಂಛನ ಬದಲಿಸಲು ತಮ್ಮದೇ ತಂತ್ರಾಂಶ ಕೊಟ್ಟಿದ್ದಾರೆ, ಆಸುಸ್‌ನ ಮೈಲೋಗೊ, ಗಿಗಾಬೈಟ್‌ನ ಫೇಸ್‌ವಿಝಾರ್ಡ್ ಅಂಥವು. ಆದರೆ ಎಲ್ಲ ಬೋರ್ಡ್‌ಗಳಿಗೂ ಅವು ನಡೆಯುವುದಿಲ್ಲ. ನಿಮ್ಮ ಬೋರ್ಡಿಗೆ ಇಲ್ಲವಾದರೆ ಹ್ಯಾಕ್‌ಬಿಜಿಆರ್‌ಟಿ ಎಂಬ ಮುಕ್ತ ತಂತ್ರಾಂಶವನ್ನು ನೋಡಬಹುದು. ಇದು ಬಯೋಸ್ ಚಿಪ್ಪನ್ನು ಮುಟ್ಟುವುದೇ ಇಲ್ಲ. ಡಿಸ್ಕಿನಲ್ಲಿ ಬೂಟ್ ಫೈಲುಗಳಿಗೆಂದು ಇರುವ ಸಣ್ಣ ಇಎಫ್‌ಐ ವಿಭಾಗದಲ್ಲಿ ಕೂತು, ವಿಂಡೋಸಿನ ಬೂಟ್ ಮ್ಯಾನೇಜರ್ ಏಳುವ ಮೊದಲೇ ತಾನು ಎದ್ದು, ಮೆಮೊರಿಯಲ್ಲಿರುವ ಆ ಬಿಜಿಆರ್‌ಟಿ ಕೋಷ್ಟಕದಲ್ಲಿ ಬಯೋಸಿನ ಚಿತ್ರದ ಬದಲು ನಿಮ್ಮ ಚಿತ್ರದ ವಿಳಾಸ ಬರೆದು, ಆಮೇಲೆ ವಿಂಡೋಸನ್ನು ಎಬ್ಬಿಸುತ್ತದೆ. ಇಲ್ಲಿ 60 ಕಿಲೋಬೈಟಿನ ಗೋಳಿಲ್ಲ: 1920 × 1080ರ 24 ಬಿಟ್ ಬಿಎಂಪಿ ಸುಮಾರು 6 ಮೆಗಾಬೈಟ್ ಆಗುತ್ತದೆ, ಇಎಫ್‌ಐ ವಿಭಾಗ ಸಾಮಾನ್ಯವಾಗಿ 100 ಮೆಗಾಬೈಟ್ ಇರುತ್ತದೆ.

ಕೊರತೆಗಳೂ ಇವೆ. ಕಂಪ್ಯೂಟರ್ ಆನ್ ಮಾಡಿದ ಮೊದಲ ಗಳಿಗೆಯಲ್ಲಿ ಬೋರ್ಡಿನ ಚಿತ್ರವೇ ಬಂದು, ವಿಂಡೋಸ್ ಶುರುವಾಗುವಾಗ ಮಾತ್ರ ನಿಮ್ಮದು ಬರುತ್ತದೆ. ಬಯೋಸ್ ಸೆಟಪ್ಪಿನಲ್ಲಿ ಪೂರ್ಣ ಪರದೆಯ ಲಾಂಛನ ತೋರಿಸುವ ಆಯ್ಕೆಯನ್ನು ಆಫ್ ಮಾಡಿದರೆ ಆ ಮೊದಲ ಚಿತ್ರವನ್ನು ಅಡಗಿಸಬಹುದು, ಆಗ ಅದರ ಜಾಗದಲ್ಲಿ ಅಕ್ಷರಗಳ ಸಾಲುಗಳು ಕಾಣುತ್ತವೆ. ಸೆಕ್ಯೂರ್ ಬೂಟ್ (ನಂಬಿಕೆಯ ಸಹಿಯಿಲ್ಲದ ತಂತ್ರಾಂಶವನ್ನು ಬೂಟ್ ಸಮಯದಲ್ಲಿ ತಡೆಯುವ ವ್ಯವಸ್ಥೆ) ಚಾಲೂ ಇದ್ದರೆ ಈ ತಂತ್ರಾಂಶದ ಸಹಿಯನ್ನು ನಂಬುವಂತೆ ಬೂಟ್ ಸಮಯದಲ್ಲಿ ನೀವೇ ಒಪ್ಪಿಗೆ ಕೊಡಬೇಕಾಗುತ್ತದೆ. ಲಾಂಛನಕ್ಕಾಗಿ ಸೆಕ್ಯೂರ್ ಬೂಟನ್ನೇ ಆಫ್ ಮಾಡಿ ಎಂದು ಹೇಳುವ ವಿಡಿಯೊಗಳಿವೆ. ಶಾಲೆಯ ಯಂತ್ರದಲ್ಲಿ ಅದನ್ನು ಮಾಡಬಾರದು. ಬಯೋಸ್ ಫೈಲನ್ನು ಬಿಚ್ಚಿ ಒಳಗಿನ ಚಿತ್ರ ಬದಲಿಸಿ ಮತ್ತೆ ಬರೆಸುವ ವಿಡಿಯೊಗಳ ಬಗ್ಗೆಯಂತೂ ಮಾತೇ ಬೇಡ. ಈಗಿನ ಬೋರ್ಡ್‌ಗಳು ತಯಾರಕರ ಸಹಿಯಿಲ್ಲದ ಬಯೋಸನ್ನು ಬಹುತೇಕ ನಿರಾಕರಿಸುತ್ತವೆ, ನಿರಾಕರಿಸದೆ ನುಂಗಿದ ಬೋರ್ಡು ಏಳದೆಯೂ ಹೋಗಬಹುದು.

ಕಾವಲುಗಾರ:

ನನ್ನದು ಭಿನ್ನಾಭಿಪ್ರಾಯ. ನಾನು ಜಾಲಭದ್ರತೆಯ ಕೆಲಸದಲ್ಲಿರುವವನು. ಡಿಸೆಂಬರ್ 2023ರಲ್ಲಿ ಲಂಡನ್ನಿನಲ್ಲಿ ನಡೆದ ಬ್ಲ್ಯಾಕ್ ಹ್ಯಾಟ್ ಎಂಬ ಭದ್ರತಾ ಸಮ್ಮೇಳನದಲ್ಲಿ ಬೈನಾರ್ಲಿ ಎಂಬ ಸಂಸ್ಥೆಯವರು ಲೋಗೊಫೇಲ್ ಎಂಬ ದೋಷಗಳ ಗುಂಪನ್ನು ಬಯಲು ಮಾಡಿದರು. ಎಎಂಐ, ಇನ್‌ಸೈಡ್, ಫೀನಿಕ್ಸ್ ಈ ಮೂರೂ ಬಯೋಸ್ ತಯಾರಕರ ತಂತ್ರಾಂಶದಲ್ಲಿ, ಬೂಟ್ ಲಾಂಛನದ ಚಿತ್ರವನ್ನು ಬಿಡಿಸುವ ಭಾಗವೇ ದುರ್ಬಲವಾಗಿತ್ತು. ಬೇಕೆಂದೇ ವಿಕಾರಗೊಳಿಸಿದ ಚಿತ್ರವೊಂದನ್ನು ಲಾಂಛನದ ಜಾಗದಲ್ಲಿ ಇಟ್ಟರೆ, ಅದನ್ನು ಓದುವಾಗ ಬಯೋಸ್ ದಾರಿ ತಪ್ಪಿ ಆ ಚಿತ್ರದಲ್ಲಿ ಅಡಗಿಸಿದ ಆದೇಶಗಳನ್ನು ನಡೆಸಿಬಿಡುತ್ತದೆ. ಇದು ನಡೆಯುವುದು ಸೆಕ್ಯೂರ್ ಬೂಟಿನ ಪರೀಕ್ಷೆ ಶುರುವಾಗುವುದಕ್ಕೂ ಮೊದಲು, ಹಾಗಾಗಿ ಅದು ಹಿಡಿಯಲಾರದು. ವಿಂಡೋಸಿನ ಆಂಟಿವೈರಸ್ಸಂತೂ ಆಗ ಹುಟ್ಟಿಯೇ ಇರುವುದಿಲ್ಲ. ಗಮನಿಸಬೇಕಾದದ್ದೆಂದರೆ, ಲಾಂಛನ ಬದಲಿಸಲು ಬಳಕೆದಾರನಿಗೆ ಅವಕಾಶ ಕೊಡದೆ ಚಿತ್ರವನ್ನೂ ಸಹಿಯ ರಕ್ಷಣೆಯೊಳಗೆ ಇಟ್ಟಿದ್ದ ಡೆಲ್‌ನ ಹಲವು ಯಂತ್ರಗಳು ಈ ದಾಳಿಗೆ ಸಿಗಲಿಲ್ಲ. ಬದಲಿಸುವ ಅನುಕೂಲವೇ ಬಾಗಿಲಾಯಿತು.

ಇದು ಕಾಗದದ ಮೇಲಿನ ಭಯ ಎನ್ನುವವರಿಗೆ: ನವೆಂಬರ್ 2024ರಲ್ಲಿ ಇಸೆಟ್ ಸಂಸ್ಥೆಯವರು ಬೂಟ್‌ಕಿಟ್ಟಿ ಎಂಬ, ಲಿನಕ್ಸನ್ನು ಗುರಿಯಾಗಿಸಿದ ಬೂಟ್‌ಕಿಟ್ಟನ್ನು (ಕಾರ್ಯಾಚರಣ ವ್ಯವಸ್ಥೆ ಏಳುವ ಮೊದಲೇ ನುಸುಳುವ ಕುತಂತ್ರಾಂಶ) ಪತ್ತೆ ಹಚ್ಚಿದರು. ಅದು ಒಳನುಗ್ಗಲು ಲೋಗೊಫೇಲನ್ನೇ ಬಳಸುತ್ತದೆಂದು ಬೈನಾರ್ಲಿಯವರು ಒಂದು ಬಿಎಂಪಿ ಫೈಲನ್ನು ಬಗೆದು ತೋರಿಸಿದರು. ಅದನ್ನು ಮಾಡಿದವರು ದಕ್ಷಿಣ ಕೊರಿಯಾದ ಒಂದು ಭದ್ರತಾ ತರಬೇತಿಯ ವಿದ್ಯಾರ್ಥಿಗಳು ಎಂದು ಆಮೇಲೆ ತಿಳಿಯಿತು. ಆದರೂ ಮಾಡಲು ಸಾಧ್ಯ ಎಂಬುದು ಸಾಬೀತಾಯಿತು.

ನನ್ನ ಸಲಹೆ: ಹಳೆಯ ಕಂಪನಿಯ ಚಿತ್ರ ತೆಗೆದು ತಯಾರಕರ ಮೂಲ ಲಾಂಛನಕ್ಕೆ ಮರಳಿಸಿ, ಶಾಲೆಯ ಲಾಂಛನವನ್ನು ವಿಂಡೋಸಿನ ಲಾಕ್ ಸ್ಕ್ರೀನಿನಲ್ಲಿ ಹಾಕಿ. ಮಕ್ಕಳು ಅದನ್ನೇ ಹೆಚ್ಚು ಹೊತ್ತು ನೋಡುತ್ತಾರೆ.

ಹುಬ್ಬಳ್ಳಿ ಸರ್ವಿಸ್:

ಕಾವಲುಗಾರರು ಹೇಳಿದ ಸಂಗತಿಗಳು ನಿಜ, ತೀರ್ಮಾನ ಮಾತ್ರ ನನಗೆ ಒಪ್ಪಿಗೆಯಿಲ್ಲ. ದೋಷ ಇದ್ದದ್ದು ಚಿತ್ರ ಓದುವ ತಂತ್ರಾಂಶದಲ್ಲಿ. ಮೇಷ್ಟ್ರು ತಾವೇ ಬಿಡಿಸಿದ ಶಾಲೆಯ ಲಾಂಛನ ಯಾರಿಗೂ ಬಾಗಿಲು ತೆರೆಯುವುದಿಲ್ಲ; ಮೂಲ ಲಾಂಛನ ಇಟ್ಟುಕೊಂಡ ಮಾತ್ರಕ್ಕೆ ದೋಷವಿರುವ ಬಯೋಸಿನ ಬಾಗಿಲು ಮುಚ್ಚುವುದೂ ಇಲ್ಲ. ದಾಳಿಕೋರನಿಗೆ ಹೇಗೂ ಮೊದಲು ವಿಂಡೋಸಿನ ಅಡ್ಮಿನ್ ಅಧಿಕಾರ ಸಿಗಬೇಕು, ಸಿಕ್ಕಿತೆಂದರೆ ನೀವು ಹಾಕಿದ ಚಿತ್ರ ಯಾವುದೆಂದು ಅವನು ಕೇಳುವುದಿಲ್ಲ. ಬೇಕಾಗಿರುವುದು ಹೊಸ ಬಯೋಸ್, ಲಾಂಛನ ಹಾಕುವ ಕೆಲಸವೇ ಇಲ್ಲಿ ಹೊಸ ಬಯೋಸನ್ನು ಬರೆಸುತ್ತದೆ. ಡಿಸೆಂಬರ್ 2023ರ ನಂತರದ ಆವೃತ್ತಿಯನ್ನೇ ಇಳಿಸಿಕೊಳ್ಳಿ, ಮಕ್ಕಳ ಖಾತೆಗಳಿಗೆ ಅಡ್ಮಿನ್ ಅಧಿಕಾರ ಕೊಡಬೇಡಿ. ಲಾಂಛನವನ್ನು ಎಲ್ಲೋ ಸಿಕ್ಕ ಫೈಲಿನಿಂದ ತೆಗೆದುಕೊಳ್ಳದೆ ನಿಮ್ಮ ಯಂತ್ರದಲ್ಲೇ ಹೊಸದಾಗಿ ಉಳಿಸಿ.

ಲೆಕ್ಕದ ಮೇಷ್ಟ್ರು:

ಎಲ್ಲರಿಗೂ ಧನ್ಯವಾದ. ಬಯೋಸ್ ಸೆಟಪ್ ತೆರೆದು ನೋಡಿದೆ. ಆರು ಲ್ಯಾಪ್‌ಟಾಪ್‌ಗಳಲ್ಲಿ ಎಲ್ಲ ಆಯ್ಕೆಗಳೂ ತೆರೆದುಕೊಂಡವು. ಇನ್ನೆರಡರಲ್ಲಿ ಸೆಟಪ್ಪಿಗೆ ಹೋಗುವಾಗಲೇ ಬೀಗದ ಚಿತ್ರ ಬಂದು ಪಾಸ್‌ವರ್ಡ್ ಕೇಳುತ್ತದೆ; ಏನೂ ಕೊಡದೆ ಎಂಟರ್ ಒತ್ತಿದರೆ ಒಳಗೆ ಬಿಡುತ್ತದೆ, ಆದರೆ ಯಾವುದನ್ನೂ ಬದಲಾಯಿಸಲು ಬರುವುದಿಲ್ಲ. ವಿಂಡೋಸ್ ಮಾತ್ರ ಏನೂ ಕೇಳದೆ ತೆರೆಯುತ್ತದೆ. ಈ ಎರಡರಲ್ಲಿ ಲಾಂಛನ ಹಾಕಲು ಆಗುತ್ತದೆಯೇ?

ನಿಶಾಚರ:

ಅದು ಸೂಪರ್‌ವೈಸರ್ ಪಾಸ್‌ವರ್ಡ್. ಹಿಂದಿನ ಕಂಪನಿಯ ಐಟಿ ವಿಭಾಗದವರು ಹಾಕಿ, ಯಂತ್ರ ಮಾರುವಾಗ ತೆಗೆಯುವುದನ್ನು ಮರೆತಿದ್ದಾರೆ. ಸೆಟಪ್ಪಿನ ಭದ್ರತಾ ಪುಟದಲ್ಲಿ, ಸಾಮಾನ್ಯ ಬಳಕೆದಾರರು ಬಯೋಸ್ ಅಪ್‌ಡೇಟ್ ಮಾಡಬಹುದೇ ಎಂಬ ಆಯ್ಕೆ ಇದೆ. ಅದು ಚಾಲೂ ಇದ್ದರೆ ಪಾಸ್‌ವರ್ಡ್ ಇಲ್ಲದೆಯೂ ಲಾಂಛನ ಹಾಕಬಹುದು, ಆಫ್ ಇದ್ದರೆ ಇಲ್ಲ. ನೋಡಲು ಅಡ್ಡಿಯಿಲ್ಲವಲ್ಲ, ಒಮ್ಮೆ ನೋಡಿ ಬನ್ನಿ.

ಆದರೆ ಇಲ್ಲಿ ಲಾಂಛನ ಸಣ್ಣ ವಿಷಯ. ಥಿಂಕ್‌ಪ್ಯಾಡಿನ ಸೂಪರ್‌ವೈಸರ್ ಪಾಸ್‌ವರ್ಡ್ ಮರೆತರೆ ತಯಾರಕರ ಅಧಿಕೃತ ಪರಿಹಾರ ಮದರ್‌ಬೋರ್ಡ್ ಬದಲಿಸುವುದೊಂದೇ. ಬೋರ್ಡಿನ ಮೇಲಿನ ಸಣ್ಣ ಬ್ಯಾಟರಿ ಕಿತ್ತು ಹಾಕಿದರೆ ಹೋಗುವಂಥದ್ದಲ್ಲ. ನಾಳೆ ಪೆನ್‌ಡ್ರೈವಿನಿಂದ ಬೂಟ್ ಮಾಡಲು, ಬೂಟ್ ಕ್ರಮ ಬದಲಿಸಲು ಆಗದಿರಬಹುದು. ಕೊಂಡು ಹೆಚ್ಚು ದಿನವಾಗಿಲ್ಲವಾದರೆ ಆ ಎರಡನ್ನು ಅಂಗಡಿಗೆ ಹಿಂತಿರುಗಿಸಿ ಬೀಗವಿಲ್ಲದ್ದನ್ನು ಕೇಳಿ. ಹಾಗೆಯೇ ಎಂಟರಲ್ಲೂ ಅಬ್ಸೊಲ್ಯೂಟ್ ಎಂಬ ಆಯ್ಕೆಯ ಸ್ಥಿತಿ ಏನಿದೆ ಎಂದು ನೋಡಿ. ಅದು ಕಳುವಾದ ಯಂತ್ರವನ್ನು ದೂರದಿಂದ ಪತ್ತೆ ಹಚ್ಚುವ, ಬಂದ್ ಮಾಡುವ ಸೇವೆ. ಚಾಲೂ ಉಳಿದಿದ್ದರೆ ಅದರ ಹಿಡಿತ ಈಗಲೂ ಹಿಂದಿನ ಮಾಲೀಕರ ಕೈಯಲ್ಲೇ ಇದೆ ಎಂದರ್ಥ.

ತೊಂಬತ್ತೆಂಟು:

ಈಗಿನವರ ಪಾಡು ನೋಡಿ ನಮ್ಮ ಕಾಲ ನೆನಪಾಯಿತು. ವಿಂಡೋಸ್ 95, 98ರಲ್ಲಿ ಇದೆಲ್ಲ ಪೇಂಟ್ ತಂತ್ರಾಂಶದ ಕೆಲಸವಾಗಿತ್ತು. ಸಿ ಡ್ರೈವಿನ ಬೇರಿನಲ್ಲೇ ‘ಲೋಗೊ ಡಾಟ್ ಸಿಸ್’ ಎಂಬ ಫೈಲು ಇಟ್ಟರೆ ಸಾಕು. ಹೆಸರು ಸಿಸ್ಟಂ ಫೈಲಿನಂತಿದ್ದರೂ ಒಳಗಿರುವುದು 256 ಬಣ್ಣದ ಮಾಮೂಲಿ ಬಿಎಂಪಿ. ಅಳತೆ 320 × 400. ಅಗಲವನ್ನು ಪರದೆಯ ಮೇಲೆ ಇಮ್ಮಡಿ ಹಿಗ್ಗಿಸಿ ತೋರಿಸುತ್ತಿದ್ದುದರಿಂದ, ಗುಂಡನೆಯ ಲಾಂಛನ ಬೇಕಾದರೆ ಅಡ್ಡಕ್ಕೆ ಅರ್ಧ ಹಿಸುಕಿ, ಉದ್ದುದ್ದ ಮೊಟ್ಟೆಯಂತೆ ಬಿಡಿಸಬೇಕಿತ್ತು. ಕೆಳಗೆ ಓಡುತ್ತಿದ್ದ ಪಟ್ಟಿಯೂ ನಿಜವಾದ ಚಲನೆಯಲ್ಲ, ಬಣ್ಣದ ಪಟ್ಟಿಯ ಕೊನೆಯ ಕೆಲವು ಬಣ್ಣಗಳನ್ನು ಸರದಿಯಂತೆ ಸುತ್ತಿಸುತ್ತಿದ್ದರು ಅಷ್ಟೇ. ಯಂತ್ರ ಆಫ್ ಮಾಡುವಾಗ ಬರುತ್ತಿದ್ದ ಎರಡು ಪರದೆಗಳಿಗೂ ವಿಂಡೋಸ್ ಫೋಲ್ಡರಿನಲ್ಲಿ ಇಂಥವೇ ಎರಡು ಫೈಲುಗಳಿದ್ದವು. ‘ಈಗ ಕಂಪ್ಯೂಟರ್ ಆಫ್ ಮಾಡಬಹುದು’ ಎಂಬ ಆ ಕಿತ್ತಳೆ ಅಕ್ಷರಗಳನ್ನು ಕನ್ನಡದಲ್ಲಿ ಬರೆದಿಟ್ಟ ಕಚೇರಿಯನ್ನು ನಾನು ನೋಡಿದ್ದೇನೆ. ಎಕ್ಸ್‌ಪಿ ಬಂದ ಮೇಲೆ ಚಿತ್ರ ವಿಂಡೋಸಿನ ತಿರುಳಾದ ಕರ್ನಲ್ ಫೈಲಿನೊಳಗೆ ಹೋಗಿ 16 ಬಣ್ಣಕ್ಕೆ ಇಳಿಯಿತು, ಆಮೇಲೆ ನಾನು ಕೈ ಬಿಟ್ಟೆ.

ಉಬುಂಟು ಬಳಕೆದಾರ:

ಮೇಷ್ಟ್ರು ಶಾಲೆಯ ಹೆಸರು ಕನ್ನಡದಲ್ಲಿ ಬೇಕು ಎಂದಿದ್ದರು, ಅದಕ್ಕೆ ಯಾರೂ ಉತ್ತರಿಸಿದಂತಿಲ್ಲ. ಹೆಸರನ್ನು ಚಿತ್ರದೊಳಗೇ ಬರೆದು ಉಳಿಸಿದರೆ ಯಾವ ತೊಂದರೆಯೂ ಇಲ್ಲ, ಬಯೋಸಿಗೆ ಅದು ಬರೀ ಪಿಕ್ಸೆಲ್. ಅಕ್ಷರವಾಗಿ ಬರೆಯಲು ಹೋದರೆ ಮಾತ್ರ ಕಷ್ಟ: ಬಯೋಸಿನ ಮೂಲ ಅಕ್ಷರಗಳು 8 × 19 ಪಿಕ್ಸೆಲ್ಲಿನ ಸ್ಥಿರ ಚೌಕಗಳು, ಒತ್ತಕ್ಷರ ಕೂಡಿಸುವ ವ್ಯವಸ್ಥೆ ಅಲ್ಲಿಲ್ಲ. ಲಿನಕ್ಸ್ ಯಂತ್ರ ಏಳುವಾಗ ಬರುವ ಗ್ರಬ್ ಎಂಬ ಬೂಟ್ ಮೆನುವಿನಲ್ಲೂ ಒತ್ತಕ್ಷರಗಳು ಬಿಡಿಬಿಡಿಯಾಗಿಯೇ ಬರುತ್ತವೆ. ಆದ್ದರಿಂದ ಮುಂದೆ ಉಬುಂಟು ಹಾಕುವುದಾದರೂ ಕನ್ನಡವನ್ನು ಚಿತ್ರವಾಗಿಯೇ ಇಡಿ. ಉಬುಂಟು 20.04ರಿಂದೀಚೆಗೆ ಅದೂ ಬಿಜಿಆರ್‌ಟಿಯ ಚಿತ್ರವನ್ನೇ ಎತ್ತಿಕೊಂಡು ನಡುವೆ ತೋರಿಸಿ, ತನ್ನ ಹೆಸರನ್ನು ಕೆಳಗೆ ಹಾಕುತ್ತದೆ. ಬಯೋಸಿನಲ್ಲಿ ಹಾಕಿದ ಲಾಂಛನ ಅಲ್ಲೂ ಬರುತ್ತದೆ.

ವಿನ್ಯಾಸದ ಬಗ್ಗೆ ಒಂದು ಮಾತು. ಶಾಲೆಗಳ ಲಾಂಛನದಲ್ಲಿ ಸಾಮಾನ್ಯವಾಗಿ ದೀಪ, ಪುಸ್ತಕ, ಸುತ್ತಲೂ ಧ್ಯೇಯವಾಕ್ಯ, ಸ್ಥಾಪನೆಯ ವರ್ಷ ಎಲ್ಲ ಇರುತ್ತವೆ. 307 ಪಿಕ್ಸೆಲ್ ಎತ್ತರದಲ್ಲಿ ಸುತ್ತು ಬರಹದ ಕೊಂಬು, ದೀರ್ಘ, ಒತ್ತು ಎಲ್ಲ ಕಲಸಿಹೋಗುತ್ತವೆ. ಸುತ್ತು ಬರಹವನ್ನು ಬಿಟ್ಟು, ನಡುವಿನ ಗುರುತನ್ನು 200 ಪಿಕ್ಸೆಲ್ ಎತ್ತರಕ್ಕೆ ಇಟ್ಟು, ಅದರ ಕೆಳಗೆ ಹೆಸರನ್ನು ದಪ್ಪ ಅಕ್ಷರದಲ್ಲಿ ಒಂದೇ ಸಾಲಿನಲ್ಲಿ ಬರೆಯಿರಿ. ಒತ್ತಕ್ಷರಕ್ಕೆ ಸಾಲಿನ ಕೆಳಗೆ ಜಾಗ ಬಿಡುವುದನ್ನು ಮರೆಯಬೇಡಿ.

ಲೆಕ್ಕದ ಮೇಷ್ಟ್ರು:

ಬೀಗವಿರುವ ಎರಡರಲ್ಲೂ ಅಪ್‌ಡೇಟ್ ಆಯ್ಕೆ ಆಫ್ ಇದೆ, ಅವನ್ನು ಹಿಂತಿರುಗಿಸಲು ಸಂಘದವರು ಅಂಗಡಿಯೊಂದಿಗೆ ಮಾತನಾಡುತ್ತಿದ್ದಾರೆ. ಅಬ್ಸೊಲ್ಯೂಟ್ ಯಾವುದರಲ್ಲೂ ಚಾಲೂ ಇಲ್ಲ. ಉಳಿದ ಆರರಲ್ಲಿ ಮೊದಲು ಒಂದಕ್ಕೆ ಮಾತ್ರ ಹೊಸ ಬಯೋಸಿನೊಂದಿಗೆ ಲಾಂಛನ ಹಾಕಿ, ಅದು ಒಂದು ವಾರ ತೊಂದರೆಯಿಲ್ಲದೆ ನಡೆದರೆ ಮಿಕ್ಕವಕ್ಕೂ ಹಾಕುತ್ತೇನೆ. ಡೆಸ್ಕ್‌ಟಾಪ್‌ಗಳ ಗೋಜಿಗೆ ಹೋಗುವುದಿಲ್ಲ, ಅವಕ್ಕೆ ಕಾವಲುಗಾರರು ಹೇಳಿದಂತೆ ಲಾಕ್ ಸ್ಕ್ರೀನ್ ಸಾಕು. ಚಿತ್ರಕಲೆಯ ಮೇಡಂ ಲಾಂಛನವನ್ನು ಧ್ಯೇಯವಾಕ್ಯವಿಲ್ಲದೆ ಮತ್ತೆ ಬಿಡಿಸಿಕೊಡಲು ಒಪ್ಪಿದ್ದಾರೆ. ಜಿಫ್‌ನಲ್ಲಿ ಉಳಿಸಿದಾಗ ಎಷ್ಟು ಕಿಲೋಬೈಟ್ ಆಯಿತೆಂದು ಇಲ್ಲೇ ತಿಳಿಸುತ್ತೇನೆ.